ಪೆಮಾಕೋ ಕಥನಗಳು: ಅನ್ವೇಷಣೆ ಮತ್ತು ಯಾತ್ರೆ

ಟಿಬೆಟಿನ ಎತ್ತರದ ಪರ್ವತಪ್ರದೇಶಗಳನ್ನು ಕುರಿತ ಸಾಹಸಕಥನಗಳಿಗೆ ಒಂದು ಸಿದ್ಧ ವಿನ್ಯಾಸವಿದೆ. ಹೊರಗಿನಿಂದ ಬಂದವನು ನಾಯಕ, ಪರ್ವತ ಅವನ ಎದುರಾಳಿ, ಸ್ಥಳೀಯನು ಹೊರೆ ಹೊರುವವನು ಇಲ್ಲವೇ ದಾರಿ ತೋರುವವನು. ಸ್ವೆನ್ ಹೆಡಿನ್‌ನಿಂದ ಹೆನ್ರಿಕ್ ಹ್ಯಾರರ್‌ವರೆಗಿನ ಬರಹಗಳು ತಮ್ಮತಮ್ಮಲ್ಲಿ ಎಷ್ಟೇ ಭಿನ್ನವಾಗಿದ್ದರೂ ಈ ವಿನ್ಯಾಸದಿಂದ ಪೂರ್ಣವಾಗಿ ಬಿಡಿಸಿಕೊಂಡವಲ್ಲ. ಹಾಗಾದರೆ ಆ ಪರ್ವತಗಳಲ್ಲೇ ಬದುಕಿದ ಜನ ತಮ್ಮ ನೆಲದ ದುರ್ಗಮತೆಯನ್ನು ಹೇಗೆ ಕಥಿಸಿಕೊಂಡರು? ಪೆಮಾಕೋ ಎಂಬ ಒಂದೇ ಪ್ರದೇಶವನ್ನು ಆಧಾರವಾಗಿಟ್ಟುಕೊಂಡು ಈ ಪ್ರಶ್ನೆಯನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಪೆಮಾಕೋ ಟಿಬೆಟಿನ ಆಗ್ನೇಯ ಅಂಚಿನಲ್ಲಿದ್ದು, ಅದರ ದಕ್ಷಿಣ ಭಾಗ ಇಂದಿನ ಅರುಣಾಚಲ ಪ್ರದೇಶಕ್ಕೂ ಚಾಚಿಕೊಂಡಿದೆ. ಪೂರ್ವಾಭಿಮುಖವಾಗಿ ಹರಿದುಬರುವ ತ್ಸಾಂಗ್ಪೊ ನದಿ ನಾಮ್ಚಾ ಬರ್ವಾ (7,782 ಮೀ.) ಮತ್ತು ಗ್ಯಾಲಾ ಪೆರಿ (7,294 ಮೀ.) ಶಿಖರಗಳ ನಡುವಿನ ಕಂದರಕ್ಕೆ ಇಳಿದು, ದೊಡ್ಡ ತಿರುವು ಪಡೆದು ದಕ್ಷಿಣಕ್ಕೆ ಹೊರಳುತ್ತದೆ. ಈ ನದಿಯೇ ಬ್ರಹ್ಮಪುತ್ರವಾಗುತ್ತದೆಯೇ ಎಂಬುದು ಹತ್ತೊಂಬತ್ತನೆಯ ಶತಮಾನದ ಭೂಗೋಳಶಾಸ್ತ್ರಕ್ಕೆ ಬಹುದೊಡ್ಡ ಒಗಟಾಗಿತ್ತು.

1

ಟಿಬೆಟನ್ನರಿಗೆ ಪೆಮಾಕೋ ಒಂದು ‘ಬೆಯುಲ್’, ಎಂದರೆ ಗುಪ್ತನಾಡು. ಪದ್ಮಸಂಭವನು ಕೇಡುಗಾಲದಲ್ಲಿ ಜನರಿಗೆ ಆಸರೆಯಾಗಲೆಂದು ಇಂಥ ನಾಡುಗಳನ್ನು ಮರೆಮಾಡಿ, ಅವುಗಳ ದಾರಿಯನ್ನು ಹೇಳುವ ಪಠ್ಯಗಳನ್ನು ನಿಧಿಯಾಗಿ ಹುದುಗಿಸಿಟ್ಟನೆಂಬುದು ನಂಬಿಕೆ. ಆ ನಿಧಿಪಠ್ಯ ‘ತೆರ್ಮಾ’. ಅದನ್ನು ಕಂಡುಹಿಡಿಯುವವನು ‘ತೆರ್ತೊನ್’. ಪುಣ್ಯಸ್ಥಳಗಳ ದಾರಿ ಮತ್ತು ಮಹಿಮೆಯನ್ನು ಹೇಳುವ ‘ನೆಯಿಗ್’ ಎಂಬ ಪ್ರಕಾರವು ನಮ್ಮ ಸ್ಥಳಪುರಾಣಗಳಿಗೆ ಹತ್ತಿರವಾದುದು. ಪೆಮಾಕೋವನ್ನು ಈ ಪರಂಪರೆ ದೋರ್ಜೆ ಫಾಗ್ಮೊ, ಅಂದರೆ ವಜ್ರವಾರಾಹಿಯ ಮಲಗಿದ ದೇಹವೆಂದು ಕಾಣುತ್ತದೆ. ಬೆಟ್ಟ, ಕಣಿವೆ, ತೊರೆಗಳು ಅವಳ ಅಂಗಾಂಗಗಳು.

ಇಲ್ಲಿ ಗಮನಿಸಬೇಕಾದ ಅಂಶವೆಂದರೆ ಟಿಬೆಟನ್ನರಲ್ಲೂ ಅನ್ವೇಷಕನಿದ್ದಾನೆ. ಆದರೆ ಅವನ ಅನ್ವೇಷಣೆಯ ತರ್ಕ ಬೇರೆ. ನಾಡು ಮೊದಲೇ ಇದೆ, ಹೇಳಲ್ಪಟ್ಟಿದೆ. ಅದರ ಬಾಗಿಲನ್ನು ‘ತೆರೆಯುವುದು’ ಮಾತ್ರ ಉಳಿದಿದೆ. ಯೋಗ್ಯತೆಯಿಲ್ಲದವನಿಗೆ ಅದೇ ಜಾಗ ಜಿಗಣೆ, ಹಾವು, ಮಳೆಗಳ ಕಾಡಾಗಿಯಷ್ಟೇ ಕಾಣುತ್ತದೆ. ವಸಾಹತುಶಾಹಿ ಸಾಹಸಕಥನದಲ್ಲಿ ಕಷ್ಟವು ನಾಯಕನ ಗೆಲುವಿನ ಬೆಲೆಯನ್ನು ಹೆಚ್ಚಿಸುತ್ತದೆ. ನೆಯಿಗ್‌ಗಳಲ್ಲಿ ಕಷ್ಟವು ಕರ್ಮವನ್ನು ತೊಳೆಯುತ್ತದೆ. ಯಾತ್ರೆಗೆ ಟಿಬೆಟನ್ನರು ಬಳಸುವ ‘ನೆಕೋರ್’ ಎಂಬ ಮಾತಿನ ಅರ್ಥವೇ ಪುಣ್ಯಸ್ಥಳವನ್ನು ಸುತ್ತುವುದು. ಅನ್ವೇಷಕನ ಕಣ್ಣು ನದಿಯ ಗೆರೆಯ ಮೇಲಿದ್ದರೆ, ಯಾತ್ರಿಕನ ಹೆಜ್ಜೆ ಪ್ರದಕ್ಷಿಣೆಯ ದಾರಿಯಲ್ಲಿದೆ.

2

ಈ ಎರಡು ಜಗತ್ತುಗಳ ನಡುವೆ ಸಿಕ್ಕಿಕೊಂಡ ವ್ಯಕ್ತಿ ಸಿಕ್ಕಿಮಿನ ಕಿಂತುಪ್. 1880ರಲ್ಲಿ ಬ್ರಿಟಿಷ್ ಸರ್ವೇಕ್ಷಣಾ ಇಲಾಖೆ ಒಬ್ಬ ಲಾಮಾನೊಂದಿಗೆ ಅವನನ್ನು ಗುಟ್ಟಾಗಿ ಕಳುಹಿಸಿತು. ಗುರುತು ಮಾಡಿದ ಮರದ ತುಂಡುಗಳನ್ನು ತ್ಸಾಂಗ್ಪೊದಲ್ಲಿ ತೇಲಿಬಿಟ್ಟು, ಅವು ಅಸ್ಸಾಮಿನಲ್ಲಿ ಕಾಣಿಸುತ್ತವೆಯೇ ಎಂದು ನೋಡುವುದು ಯೋಜನೆ. ಲಾಮಾ ದಾರಿಯಲ್ಲೇ ಕಿಂತುಪನನ್ನು ಗುಲಾಮನಾಗಿ ಮಾರಿ ಹೊರಟುಹೋದ. ತಪ್ಪಿಸಿಕೊಂಡ ಕಿಂತುಪ್ ಪೆಮಾಕೋದ ಮಾರ್ಪುಂಗ್ ಮಠ ಸೇರಿದ. ಬೆನ್ನಟ್ಟಿ ಬಂದವರಿಗೆ ಅಲ್ಲಿನ ಗುರು 50 ರೂಪಾಯಿ ಕೊಟ್ಟು ಅವನನ್ನು ಉಳಿಸಿಕೊಂಡ. ಯಾತ್ರೆಯ ನೆಪದಲ್ಲಿ ರಜೆ ಪಡೆದು ಕಿಂತುಪ್ 500 ತುಂಡುಗಳನ್ನು ಕಡಿದು ಬಚ್ಚಿಟ್ಟ. ಲ್ಹಾಸಾಕ್ಕೆ ಹೋಗಿ, ದಿನಕ್ಕೆ 50ರಂತೆ ಬಿಡುವ ದಿನಗಳನ್ನು ತಿಳಿಸುವ ಪತ್ರ ಬರೆಸಿ ಕಳುಹಿಸಿದ. ಮಠಕ್ಕೆ ಮರಳಿ ಮತ್ತೆ ದುಡಿದು ಬಿಡುಗಡೆ ಪಡೆದು, ಹೇಳಿದ ದಿನಗಳಂದೇ ತುಂಡುಗಳನ್ನು ನದಿಗೆ ಬಿಟ್ಟ. ಆದರೆ ಪತ್ರ ಯಾರಿಗೆ ತಲುಪಬೇಕಿತ್ತೋ ಆ ಅಧಿಕಾರಿ ಅಷ್ಟರಲ್ಲಿ ಭಾರತವನ್ನೇ ಬಿಟ್ಟಿದ್ದ. ಕೆಳಗೆ ನದಿಯನ್ನು ಕಾಯುವವರು ಯಾರೂ ಇರಲಿಲ್ಲ.

1884ರಲ್ಲಿ ಮರಳಿದ ಕಿಂತುಪ್ ಅನಕ್ಷರಸ್ಥ. ಅವನು ಹೇಳಿದ್ದನ್ನು ಒಬ್ಬರು ಬರೆದುಕೊಂಡು, ಅದು ಇಂಗ್ಲಿಷಿಗೆ ಅನುವಾದಗೊಂಡು ಅಧಿಕೃತ ವರದಿಯಾಯಿತು. ಆ ವರದಿಯಲ್ಲಿ ತ್ಸಾಂಗ್ಪೊ ಸುಮಾರು 150 ಅಡಿ ಧುಮುಕುತ್ತದೆಂಬ ಮಾತಿತ್ತು. ಮಹಾಜಲಪಾತದ ಕನಸು ಹುಟ್ಟಿದ್ದು ಅಲ್ಲಿಂದ. 1913ರಲ್ಲಿ ಎಫ್. ಎಂ. ಬೇಲಿ ಮತ್ತು ಮಾರ್ಸ್‌ಹೆಡ್ ಅಲ್ಲಿಗೆ ಹೋದಾಗ ಕಂಡದ್ದು ಸುಮಾರು 30 ಅಡಿಯ ಪಾತ ಮಾತ್ರ. ಮರುವರ್ಷ ಬೇಲಿ ಕಿಂತುಪನನ್ನು ಹುಡುಕಿಸಿ ಕೇಳಿದಾಗ ಅವನು ಸ್ಪಷ್ಟಪಡಿಸಿದ: ನದಿಯ ಪಾತ ಚಿಕ್ಕದೇ, ಎತ್ತರದ್ದು ಗ್ಯಾಲಾ ಬಳಿ ಪಕ್ಕದ ತೊರೆಯೊಂದರದು.

ಜಾನಪದ ಅಧ್ಯಯನದ ದೃಷ್ಟಿಯಿಂದ ಈ ಪ್ರಸಂಗ ಬಹು ಮುಖ್ಯವಾದುದು. ಮೂವತ್ತು ವರ್ಷಗಳ ಬಳಿಕವೂ ಮೌಖಿಕ ಸ್ಮೃತಿ ಸರಿಯಾಗಿತ್ತು. ತಪ್ಪಿದ್ದು ಲಿಖಿತ ಪಠ್ಯ. ಆದರೂ ಅಷ್ಟು ಕಾಲ ಅನುಮಾನಕ್ಕೆ ಗುರಿಯಾದದ್ದು ಹೇಳಿದವನೇ ಹೊರತು ಬರೆದುಕೊಂಡ ಕ್ರಮವಲ್ಲ. ಬೇಲಿ ತಮ್ಮ ‘ನೋ ಪಾಸ್‌ಪೋರ್ಟ್ ಟು ಟಿಬೆಟ್’ (1957) ಕೃತಿಯಲ್ಲಿ ಕಿಂತುಪನಿಗೆ ಗೌರವದ ಸ್ಥಾನ ನೀಡಿರುವುದೂ, ಅವನಿಗೆ 1,000 ರೂಪಾಯಿ ಬಹುಮಾನ ದೊರಕಿಸಿದ್ದೂ ನಿಜ. ಆದರೆ ಕಿಂತುಪನ ಕಥೆ ಅವನದೇ ನಿರೂಪಣೆಯಾಗಿ ನಮಗೆ ಉಳಿದಿಲ್ಲ. ನಾವು ಓದುವುದೆಲ್ಲ ಅಧಿಕಾರಿಯ ಭಾಷೆಯಲ್ಲಿನ ಕಿಂತುಪನನ್ನೇ.

3

1924ರಲ್ಲಿ ಕಿಂಗ್‌ಡನ್ ವಾರ್ಡ್ ಕಂದರದ ಬಹುಭಾಗವನ್ನು ಕ್ರಮಿಸಿದರೂ ಕೆಲವು ಮೈಲಿಗಳು ಉಳಿದೇ ಹೋದವು. 1998ರಲ್ಲಿ ಇಯಾನ್ ಬೇಕರ್ ತಂಡ ಅಲ್ಲಿ ಸುಮಾರು 108 ಅಡಿಯ ಜಲಪಾತವನ್ನು ಅಳೆದಾಗ ಅದು ‘ಶೋಧ’ವೆಂದು ಜಗತ್ತಿಗೆ ಸುದ್ದಿಯಾಯಿತು. ಅಲ್ಲಿಗೆ ಕರೆದೊಯ್ದವರು ಸ್ಥಳೀಯ ಬೇಟೆಗಾರರು. ಅವರಿಗೆ ದಾರಿ ಗೊತ್ತಿತ್ತೆಂದ ಮೇಲೆ ಶೋಧವೆಂಬ ಮಾತಿನ ಅರ್ಥವೇನು? ಬೇಕರ್ 2004ರ ತಮ್ಮ ಕೃತಿಯಲ್ಲಿ ಬೆಯುಲ್ ಪರಂಪರೆಯನ್ನು ಸಹಾನುಭೂತಿಯಿಂದ ಬಳಸಿಕೊಳ್ಳುತ್ತಾರೆ. ಆದರೂ ಅಲ್ಲಿ ಯಾತ್ರೆಯ ಪರಿಭಾಷೆ ಸಾಹಸಕಥನದ ಹಳೆಯ ಚೌಕಟ್ಟಿಗೆ ಹೊಸ ಹೊಳಪನ್ನು ನೀಡುತ್ತದೆಯೇ ಹೊರತು ಚೌಕಟ್ಟನ್ನು ಕದಲಿಸುವುದಿಲ್ಲ.

ಹಾಗೆಂದು ಟಿಬೆಟನ್ ಕಥನವನ್ನು ನಿರಪರಾಧಿಯೆಂದು ಒಪ್ಪಿಕೊಳ್ಳುವುದೂ ವಿಮರ್ಶೆಯಾಗದು. ‘ಗುಪ್ತನಾಡು’ ಎಂದೂ ನಿರ್ಜನವಾಗಿರಲಿಲ್ಲ. ಬೌದ್ಧ ವಲಸಿಗರು ಬರುವ ಮೊದಲೇ ಅಲ್ಲಿ ಆದಿ ಮೊದಲಾದ ಬುಡಕಟ್ಟುಗಳು ನೆಲೆಸಿದ್ದವು. ಟಿಬೆಟನ್ನರು ಅವರನ್ನೆಲ್ಲ ‘ಲ್ಹೋಪಾ’ ಎಂಬ ಒಂದೇ ಹೆಸರಿನಲ್ಲಿ ಕರೆದು ಅನಾಗರಿಕರೆಂದು ಕಂಡರು. ದೇವಿಯ ದೇಹವೆಂಬ ರೂಪಕದೊಳಗೆ ಅವರ ಬೇಟೆಯ ನೆಲೆಗಳೂ ಹೊಲಗಳೂ ಕರಗಿಹೋದವು. ನಕ್ಷೆ ಮಾಡಿದ ಅಳಿಸುವಿಕೆಯನ್ನು ಪುರಾಣವೂ ತನ್ನ ರೀತಿಯಲ್ಲಿ ಮಾಡಿತು.

4

1959ರ ಬಳಿಕ ಬೆಯುಲ್ ಎಂಬ ಕಲ್ಪನೆ ಅಕ್ಷರಶಃ ಪರೀಕ್ಷೆಗೆ ಒಳಗಾಯಿತು. ಖಾಮ್ ಪ್ರಾಂತ್ಯದಿಂದ ಪೆನೋರ್ ರಿಂಪೋಚೆಯವರೊಂದಿಗೆ ಹೊರಟ ಸುಮಾರು 300 ಜನರು ಪೆಮಾಕೋ ಮಾರ್ಗವಾಗಿ ಭಾರತದತ್ತ ನಡೆದರು. ಬದುಕಿ ತಲುಪಿದವರು ಸುಮಾರು 30 ಮಂದಿ. ಅವರೇ ಮುಂದೆ ಮೈಸೂರು ಸೀಮೆಯ ಬೈಲಕುಪ್ಪೆಗೆ ಬಂದು 1963ರಲ್ಲಿ ನಾಮ್‌ಡ್ರೋಲಿಂಗ್ ಮಠವನ್ನು ಸ್ಥಾಪಿಸಿದರು. ಇಂದು ಪ್ರವಾಸಿಗರು ‘ಸುವರ್ಣ ದೇವಾಲಯ’ವೆಂದು ನೋಡಿ ಹೋಗುವ ಆ ಮಠದ ಹಿಂದೆ ಒಂದು ಗುಪ್ತನಾಡಿನ ದಾರಿಯಿದೆ. ಆ ಹಾದಿಯಲ್ಲಿ ನಡೆದವರನ್ನು ಯಾವ ಭೂಗೋಳ ಸಂಘವೂ ಅನ್ವೇಷಕರೆಂದು ಕರೆದಿಲ್ಲ.

2013ರಲ್ಲಿ ಪೆಮಾಕೋದ ಮೆಡೋಗ್‌ಗೆ ಹೆದ್ದಾರಿ ತೆರೆಯಿತು. 2025ರ ಜುಲೈನಲ್ಲಿ ಚೀನಾ ತ್ಸಾಂಗ್ಪೊದ ಕೆಳಹರಿವಿನಲ್ಲಿ ಬೃಹತ್ ಜಲವಿದ್ಯುತ್ ಯೋಜನೆಯ ನಿರ್ಮಾಣವನ್ನು ಆರಂಭಿಸಿತು. ಒಂದು ಕಾಲಕ್ಕೆ ಅಡಿಗಳಲ್ಲಿ ಅಳೆದ ಧುಮುಕನ್ನು ಈಗ ಮೆಗಾವಾಟುಗಳಲ್ಲಿ ಎಣಿಸಲಾಗುತ್ತಿದೆ. ಅಳತೆಯ ಕಥನ ಗೆದ್ದಿದೆಯೆಂದೇ ತೋರಬಹುದು. ಆದರೆ ನದಿಯೊಂದಿಗೆ ಬದುಕಿದವರ ಕಥನ ಇನ್ನೂ ಪೂರ್ತಿ ದಾಖಲಾಗಿಲ್ಲವೆಂಬುದನ್ನು ಮರೆಯುವಂತಿಲ್ಲ.

ಈ ದೃಷ್ಟಿಯಿಂದ ಕನ್ನಡ ಜಾನಪದ ಅಧ್ಯಯನಕ್ಕೂ ಒಂದು ಹೊಣೆಯಿದೆ. ಬೈಲಕುಪ್ಪೆ, ಮುಂಡಗೋಡು, ಕೊಳ್ಳೇಗಾಲದ ಟಿಬೆಟನ್ ನೆಲೆಗಳು ದಶಕಗಳಿಂದ ನಮ್ಮ ನೆರೆಯಲ್ಲಿವೆ. ಪರ್ವತ ದಾಟಿ ಬಂದ ಮೊದಲ ತಲೆಮಾರು ಕ್ಷೀಣಿಸುತ್ತಿದೆ. ಅವರ ಕಥನಗಳನ್ನು ಅವರ ಭಾಷೆಯಲ್ಲೇ, ಹೇಳುವವರ ಹೆಸರಿನಲ್ಲೇ ಸಂಗ್ರಹಿಸಬೇಕು. ಬರೆದುಕೊಂಡದ್ದನ್ನು ಅವರಿಗೇ ಓದಿ ಹೇಳಿ ಒಪ್ಪಿಗೆ ಪಡೆಯಬೇಕು. ಕಿಂತುಪನ ವರದಿಗೆ ಅಷ್ಟೊಂದು ಎಚ್ಚರಿಕೆ ವಹಿಸಿದ್ದರೆ ಸಾಕಿತ್ತು, ಆ 150 ಅಡಿಯ ಜಲಪಾತ ನದಿಗೆ ಅಂಟಿಕೊಳ್ಳುತ್ತಲೇ ಇರಲಿಲ್ಲ.