ಆಡುವುದು, ಆಡಿಸುವುದು

ಕನ್ನಡದಲ್ಲಿ ‘ಆಡು’ ಎಂಬ ಧಾತುವಿಗೆ ‘ಇಸು’ ಪ್ರತ್ಯಯ ಸೇರಿದರೆ ‘ಆಡಿಸು’ ಎಂದಾಗುವುದು. ವ್ಯಾಕರಣದಲ್ಲಿ ಇದು ಎರಡಕ್ಷರದ ಕೆಲಸ. ಲೋಕವ್ಯವಹಾರದಲ್ಲಾದರೋ, ಆಡಿದವನು ಆಡಿಸುವವನಾಗುವುದಕ್ಕೆ ಕೆಲವರಿಗೆ ಅರ್ಧ ಆಯುಷ್ಯ ಹಿಡಿದಿದೆ. ಕೆಲವರಿಗೆ ಅದು ಕೊನೆಯವರೆಗೂ ಸಾಧಿಸದೆ ಹೋಗಿದೆ.

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿಗಳ ಸೀಮೆಗೆ ಈ ವಿಚಾರ ಅಪರಿಚಿತವಾದುದಲ್ಲ. ಗರಡಿಯ ಮಣ್ಣಿನಲ್ಲಿ ಹೊರಳಿದ ಪೈಲವಾನನು ಪ್ರಾಯ ಇಳಿದ ಮೇಲೆ ವಸ್ತಾದನಾಗುವನು. ಬಯಲಾಟದಲ್ಲಿ ಕಿರೀಟ ಭುಜಕೀರ್ತಿಗಳನ್ನು ಕಟ್ಟಿ ಕುಣಿದವನು ಕಾಲು ಸೋತ ಮೇಲೆ ಮಾಸ್ತರನಾಗುವನು. ಎರಡು ಕಡೆಯೂ ಅಭ್ಯಾಸಕ್ಕೆ ತಾಲೀಮೆಂದೇ ಹೆಸರು. ಒಳ್ಳೆಯ ಭೀಮನಾಗಿದ್ದವನು ಒಳ್ಳೆಯ ಭೀಮನನ್ನು ತಯಾರಿಸಬಲ್ಲನೆಂದು ಊರವರು ನಂಬುವರು. ಕಾಲೇಜುಗಳು ಬಂದ ಮೇಲೆಯೂ ಈ ನಂಬುಗೆ ಹೋಗಿಲ್ಲ. ದೈಹಿಕ ಶಿಕ್ಷಣ ನಿರ್ದೇಶಕನ ಪದವಿಗೆ ಬರುವವನ ಕೈಯಲ್ಲಿ ಪದವಿಪತ್ರಗಳಿರಬೇಕು. ಅದರೊಡನೆ ಪದಕಗಳೂ ಇದ್ದರೆ ಗೌರವ ಹೆಚ್ಚು. ಪದಕವು ಆತನು ಆಡಿದುದಕ್ಕೆ ಸಾಕ್ಷಿಯಾದೀತೇ ಹೊರತು, ಕಲಿಸಬಲ್ಲನೆಂಬುದಕ್ಕೆ ಸಾಕ್ಷಿಯಾಗಲಾರದು.

ಬ್ಯಾಸ್ಕೆಟ್‌ಬಾಲ್ ಆಟದ ಚರಿತ್ರೆಯನ್ನು ನೋಡಿದರೆ ಈ ಮಾತಿನ ವಿನೋದವು ತಿಳಿಯುವುದು. ಆ ಆಟ ಹುಟ್ಟಿದುದೇ ಒಬ್ಬ ಉಪಾಧ್ಯಾಯನಿಂದ. 1891ರ ಚಳಿಗಾಲದಲ್ಲಿ ಅಮೆರಿಕದ ಸ್ಪ್ರಿಂಗ್‌ಫೀಲ್ಡಿನಲ್ಲಿ ಜೇಮ್ಸ್ ನೈಸ್ಮಿತ್ ಎಂಬಾತನು ಎರಡು ಹಣ್ಣಿನ ಬುಟ್ಟಿಗಳನ್ನು ತೂಗಿಸಿ, ಹದಿಮೂರು ನಿಯಮಗಳನ್ನು ಬರೆದು ವಿದ್ಯಾರ್ಥಿಗಳನ್ನು ಆಡಿಸಿದನು. ಆದರೂ ಮುಂದೆ ಕ್ಯಾನ್ಸಸ್ ವಿಶ್ವವಿದ್ಯಾಲಯದಲ್ಲಿ ಆತನ ತಂಡವು ಗೆದ್ದುದು 55, ಸೋತುದು 60. ಆಟವನ್ನು ಸೃಷ್ಟಿಸಿದ ಬ್ರಹ್ಮನೇ ಅಲ್ಲಿಯ ತರಬೇತುದಾರರಲ್ಲಿ ಸೋಲು ಹೆಚ್ಚಾದ ಏಕೈಕ ವ್ಯಕ್ತಿ! ಆತನ ಕೈಕೆಳಗೆ ಆಡಿದ ಫಾಗ್ ಅಲೆನ್ ಎಂಬ ಶಿಷ್ಯನು ಅದೇ ಪೀಠವನ್ನೇರಿ, 1956ರವರೆಗೆ ಕಲಿಸಿ, ಗುರುವಿಗಿಲ್ಲದ ಜಯಗಳನ್ನು ಗಳಿಸಿದನು. ಬಳ್ಳಾರಿ ಜಿಲ್ಲೆಯು 1953ರವರೆಗೆ ಸೇರಿದ್ದ ಮದ್ರಾಸ್ ಪ್ರಾಂತದಲ್ಲಿಯೂ ಇಂಥ ಆಟಗಳಿಗೆ ನೆಲೆಯಾದುದು ಒಂದು ಶಿಕ್ಷಕರ ಶಾಲೆಯೇ. ಹ್ಯಾರಿ ಕ್ರೋ ಬಕ್ ಎಂಬವರು 1920ರಲ್ಲಿ ಮದ್ರಾಸಿನಲ್ಲಿ ವೈ.ಎಂ.ಸಿ.ಎ. ದೈಹಿಕ ಶಿಕ್ಷಣ ಕಾಲೇಜನ್ನು ಸ್ಥಾಪಿಸಿದರು.

ಆಡಿ ಆಡಿಸಿದವರಲ್ಲಿ ವಿಮರ್ಶೆಗೆ ಹೆಚ್ಚು ಎಡೆಗೊಡುವವನು ಜಾನ್ ವುಡನ್ (1910–2010). ಪರ್ಡ್ಯೂ ವಿಶ್ವವಿದ್ಯಾಲಯದ ಆಟಗಾರನಾಗಿ 1930, 31, 32 ಈ ಮೂರು ವರ್ಷವೂ ದೇಶದ ಶ್ರೇಷ್ಠರ ಪಂಕ್ತಿಯಲ್ಲಿ ಎಣಿಸಲ್ಪಟ್ಟವನು. ಅನಂತರ ಪ್ರೌಢಶಾಲೆಯಲ್ಲಿ ಇಂಗ್ಲಿಷ್ ಪಾಠ ಹೇಳುತ್ತ ಆಟ ಕಲಿಸತೊಡಗಿದನು. ಇಂಥ ಆಟಗಾರನ ತಂಡವು ಮೊದಲ ವರ್ಷ ಗೆದ್ದುದಕ್ಕಿಂತ ಸೋತುದೇ ಹೆಚ್ಚು. ತನಗೆ ಉಸಿರಾಟದಷ್ಟು ಸಹಜವಾದುದು ಹುಡುಗರಿಗೆ ಏಕೆ ಬಾರದೆಂಬುದು ನಿಪುಣನಿಗೆ ಒಡನೆ ಹೊಳೆಯುವುದಿಲ್ಲ. ನಡೆಯಬಲ್ಲವನಿಗೆ ನಡೆಯುವುದು ಹೇಗೆಂದು ಕೇಳಿದರೆ ತಡವರಿಸುವನಷ್ಟೆ. 1948ರಲ್ಲಿ ಆತನು ಲಾಸ್ ಏಂಜಲಿಸ್‌ನ ಕ್ಯಾಲಿಫೋರ್ನಿಯ ವಿಶ್ವವಿದ್ಯಾಲಯಕ್ಕೆ ಬಂದನು. ಅಲ್ಲಿ ರಾಷ್ಟ್ರೀಯ ಪ್ರಶಸ್ತಿ ಮೊದಲು ದೊರೆತುದು 1964ರಲ್ಲಿ, ಹದಿನಾರನೆಯ ವರ್ಷಕ್ಕೆ. ಅದೂ ಸೇರಿ 1975ರೊಳಗಾಗಿ ಹತ್ತು ಪ್ರಶಸ್ತಿಗಳು. ಅವುಗಳಲ್ಲಿ ಏಳು ಎಡೆಬಿಡದೆ ಬಂದವು. ಆ ಹದಿನಾರು ವರ್ಷ ಕಾದ ಆಡಳಿತದವರನ್ನು ಮೊದಲು ಹೊಗಳಬೇಕು. ಇಲ್ಲಿಯಾಗಿದ್ದರೆ ಮೂರನೆಯ ವರ್ಷಕ್ಕೇ ವರ್ಗಾವಣೆಯ ಮಾತು ಹುಟ್ಟುತ್ತಿದ್ದಿತು.

ಆತನ ಮೊದಲ ಪಾಠವು ಕಾಲುಚೀಲ ತೊಡುವುದು. ಚೀಲದಲ್ಲಿ ಸುಕ್ಕು ಉಳಿದರೆ ಬೊಬ್ಬೆ ಏಳುವುದು, ಬೊಬ್ಬೆ ಎದ್ದರೆ ಆಟ ತಪ್ಪುವುದು. ದೇಶದ ಮೇಲಾದ ತರುಣರನ್ನು ಕೂರಿಸಿ ಚೀಲವನ್ನು ನೀವಿ ಎಳೆಯುವುದನ್ನೂ ಬೂಟಿನ ದಾರವನ್ನು ಬಿಗಿಯುವುದನ್ನೂ ತೋರಿಸುತ್ತಿದ್ದನು. ಕೆಲವರು ನಕ್ಕಿರಬಹುದು. ಬರಿಗಾಲಲ್ಲಿ ಕಬಡ್ಡಿಯಾಡಿ ಬೆಳೆದ ಈ ಸೀಮೆಯ ಹುಡುಗರೂ ನಗುವರು. ಆದರೆ ಕಸೂತಿಗೆ ಕೈಹಾಕುವ ಮೊದಲು ಸೂಜಿಗೆ ದಾರ ಪೋಣಿಸಲು ಕಲಿಸುವ ತಾಯಿಯನ್ನು ಯಾರೂ ನಗುವುದಿಲ್ಲ.

1974–75ರಲ್ಲಿ ರೋಲಂಡ್ ಥಾರ್ಪ್, ರೊನಾಲ್ಡ್ ಗ್ಯಾಲಿಮೋರ್ ಎಂಬ ಇಬ್ಬರು ಮನಃಶಾಸ್ತ್ರಜ್ಞರು ಮೈದಾನದ ಬದಿಯಲ್ಲಿ ಕುಳಿತು ಆತನು ತಾಲೀಮಿನಲ್ಲಿ ಆಡಿದ ಮಾತುಗಳನ್ನು ಎಣಿಸಿದರು. ಎರಡು ಸಾವಿರಕ್ಕೆ ಮೀರಿದ ಆ ಮಾತುಗಳಲ್ಲಿ ನಾಲ್ಕರಲ್ಲಿ ಮೂರು ಪಾಲು ಕೇವಲ ಸೂಚನೆ: ಏನು ಮಾಡಬೇಕು, ಹೇಗೆ ಮಾಡಬೇಕು. ಹೊಗಳಿಕೆ ಅತ್ಯಲ್ಪ, ತೆಗಳಿಕೆಯೂ ಅತ್ಯಲ್ಪ. ಭಾಷಣವಿಲ್ಲ. ತಪ್ಪನ್ನು ಕಂಡೊಡನೆ ಆಟ ನಿಲ್ಲಿಸಿ, ಸರಿಯಾದ ಭಂಗಿಯನ್ನು ತೋರಿಸುವನು. ಹುಡುಗನು ಮಾಡಿದ ತಪ್ಪನ್ನು ಅಣಕಿಸುವನು. ಮತ್ತೆ ಸರಿಯಾದುದನ್ನು ತೋರಿಸುವನು. ಇಷ್ಟೂ ಐದು ಕ್ಷಣದ ಕೆಲಸ. ಹಳೆಯ ಆಟಗಾರನ ಶರೀರವು ಉಪಯೋಗಕ್ಕೆ ಬರುವುದು ಈ ಐದು ಕ್ಷಣಗಳಲ್ಲಿ. ಆರನೆಯ ಕ್ಷಣಕ್ಕೂ ಚೆಂಡನ್ನು ಬಿಡದೆ ತಾನೇ ಆಡುತ್ತ ನಿಂತನೆಂದರೆ ಕಲಿಸುವುದು ಮುಗಿಯಿತು, ಪ್ರದರ್ಶನ ಆರಂಭವಾಯಿತು. ಬಯಲಾಟದ ಮಾಸ್ತರರಲ್ಲಿಯೂ ಈ ಎರಡು ಜಾತಿಗಳುಂಟು. ಒಬ್ಬನು ಹೆಜ್ಜೆ ತೋರಿಸಿ ಹಿಂದೆ ಸರಿಯುವನು. ಇನ್ನೊಬ್ಬನ ತಾಲೀಮಿನಲ್ಲಿ ಹುಡುಗರು ಪ್ರೇಕ್ಷಕರು.

ಆಡಿದವನ ಮನಸ್ಸಿನಲ್ಲಿ ಮುಗಿಯದೆ ಉಳಿದ ಒಂದು ಪಂದ್ಯವಿರುವುದು. ಇದು ಅದಕ್ಕಿಂತಲೂ ದೊಡ್ಡ ತೊಡಕು. ಮಹಾಭಾರತದ ದ್ರೋಣನನ್ನು ನೋಡಬೇಕು. ಅಂಥ ಬಿಲ್ವಿದ್ಯೆಯ ಗುರು ಮತ್ತೊಬ್ಬನಿಲ್ಲ. ಆದರೆ ದ್ರುಪದನಿಂದಾದ ತನ್ನ ಅವಮಾನವನ್ನು ತೀರಿಸಿಕೊಳ್ಳಲು ಶಿಷ್ಯರನ್ನೇ ಬಾಣವಾಗಿ ಹೂಡಿದನು. ಅರ್ಜುನನೇ ಮೊದಲಿಗನಾಗಲೆಂದು ಏಕಲವ್ಯನ ಹೆಬ್ಬೆರಳನ್ನು ಬೇಡಿದನು. ಬಲರಾಮನು ಬೇರೆಯ ಬಗೆ. ಭೀಮ ದುರ್ಯೋಧನರಿಬ್ಬರಿಗೂ ಗದೆಯನ್ನು ಕಲಿಸಿದವನು ಅವರ ಕಡೆಯ ಕಾಳಗದಲ್ಲಿ ಕಣದ ಅಂಚಿನಲ್ಲಿ ನಿಂತು, ತೊಡೆಗೆ ಬಿದ್ದ ಹೊಡೆತವನ್ನು ಕಂಡು ಕಿಡಿಕಾರುವನು. ಆತನ ಕೋಪಕ್ಕೆ ಕಾರಣ ನಿಯಮದ ಭಂಗ. ಸೋತವನು ಯಾರು ಎಂಬ ಲೆಕ್ಕ ಅಲ್ಲಿಲ್ಲ.

ವುಡನ್ನನನ್ನು ಈ ಒರೆಗಲ್ಲಿಗೆ ಹಚ್ಚಿದರೆ ಚಿನ್ನವೂ ಕಾಣುವುದು, ಬೆರಕೆಯೂ ಕಾಣುವುದು. 1947ರಲ್ಲಿ ಇಂಡಿಯಾನ ರಾಜ್ಯ ಕಾಲೇಜಿನ ಆತನ ತಂಡಕ್ಕೆ ರಾಷ್ಟ್ರೀಯ ಪಂದ್ಯಾವಳಿಯ ಕರೆ ಬಂದಿತು. ಆದರೆ ತಂಡದಲ್ಲಿದ್ದ ಕ್ಲಾರೆನ್ಸ್ ವಾಕರ್ ಎಂಬ ಕರಿಯ ತರುಣನಿಗೆ ಅಲ್ಲಿ ಪ್ರವೇಶವಿರಲಿಲ್ಲ. ವುಡನ್ ಕರೆಯನ್ನೇ ತಿರಸ್ಕರಿಸಿದನು. ಮರುವರ್ಷ ಆ ನಿಷೇಧವು ತೊಲಗಿ, ವಾಕರನು ಅಲ್ಲಿ ಆಡಿದ ಮೊದಲ ಕರಿಯ ಆಟಗಾರನಾದನು. ಹೊಸ ತರಬೇತುದಾರನು ತನ್ನ ಕೀರ್ತಿಗೆ ದಾರಿಯಾಗಬಹುದಾಗಿದ್ದ ಪಂದ್ಯಾವಳಿಯನ್ನು, ಬೆಂಚಿನ ಒಬ್ಬ ಹುಡುಗನಿಗಾಗಿ ಬಿಟ್ಟನೆಂಬುದು ಆತನ ಹತ್ತು ಪ್ರಶಸ್ತಿಗಳ ಮುಂದೆ ಹಗುರವಾದುದಲ್ಲ. ಇನ್ನೊಂದು ಮಗ್ಗುಲಲ್ಲಿ, ಆತನ ವೈಭವದ ವರ್ಷಗಳಲ್ಲಿ ಧನಿಕ ಅಭಿಮಾನಿಯೊಬ್ಬನು ಆಟಗಾರರಿಗೆ ನಿಯಮಬಾಹಿರವಾಗಿ ನೆರವಾಗುತ್ತಿದ್ದನೆಂಬ, ಗುರುವು ಅದನ್ನು ವಿಚಾರಿಸಲಿಲ್ಲವೆಂಬ ಆಕ್ಷೇಪವು ಮುಂದೆ ಹುಟ್ಟಿತು. ಕಾಲುಚೀಲದ ಸುಕ್ಕನ್ನು ಕಂಡ ಕಣ್ಣಿಗೆ ಅದು ಕಾಣಲಿಲ್ಲವೆ ಎಂದು ಕೇಳುವುದು ಅನ್ಯಾಯವಲ್ಲ.

ಕರ್ನಾಟಕದಲ್ಲಿ ಪ್ರಕಾಶ ಪಡುಕೋಣೆಯವರ ಉದಾಹರಣೆಯಿದೆ. ಆಟ ಬೇರೆಯಾದರೂ ದಾರಿ ಒಂದೇ. 1980ರಲ್ಲಿ ಆಲ್ ಇಂಗ್ಲೆಂಡ್ ಬ್ಯಾಡ್ಮಿಂಟನ್ ಪ್ರಶಸ್ತಿಯನ್ನು ಪಡೆದ ಅವರು 1994ರಲ್ಲಿ ವಿಮಲ್ ಕುಮಾರರೊಡನೆ ಬೆಂಗಳೂರಿನಲ್ಲಿ ಶಿಕ್ಷಣಶಾಲೆಯನ್ನು ತೆರೆದರು. ಅಲ್ಲಿ ಪಳಗಿದ ಗೋಪೀಚಂದರು 2001ರಲ್ಲಿ ಅದೇ ಪ್ರಶಸ್ತಿಯನ್ನು ತಂದು, ತಾವೂ ಹೈದರಾಬಾದಿನಲ್ಲಿ ಶಾಲೆ ಕಟ್ಟಿದರು. ಅವರ ಶಿಷ್ಯೆ ಸಿಂಧು 2016ರ ಒಲಿಂಪಿಕ್ಸಿನಲ್ಲಿ ಬೆಳ್ಳಿಯನ್ನು ಗೆದ್ದರು. ಪದಕವು ಕಪಾಟಿನಲ್ಲಿ ನಿಲ್ಲದೆ ಕೈಯಿಂದ ಕೈಗೆ ದಾಟಿದ ಬಗೆ ಇದು.

ತಾಲ್ಲೂಕು ಕೇಂದ್ರದ ಕಾಲೇಜಿನಲ್ಲಿ ಇಷ್ಟೆಲ್ಲ ಆಗಬೇಕೆಂದು ಯಾರೂ ಕೇಳುವುದಿಲ್ಲ. ಅಲ್ಲಿ ಒಬ್ಬನೇ ನಿರ್ದೇಶಕನು ಕಬಡ್ಡಿ, ಖೋ ಖೋ, ವಾಲಿಬಾಲ್, ಓಟ ಎಲ್ಲವನ್ನೂ ನೋಡಿಕೊಳ್ಳಬೇಕು. ಬುಟ್ಟಿಯ ಕಂಬ ಇದ್ದರೆ ಬಲೆಯಿರದು, ಬಲೆಯಿದ್ದರೆ ನೆಲ ಸಮವಿರದು. ಆದರೆ ಆತನನ್ನು ಆಯುವ ದಿನ ಪರೀಕ್ಷಕರು ಪ್ರಮಾಣಪತ್ರಗಳನ್ನು ಮಗುಚಿ ನೋಡುವುದರ ಜೊತೆಗೆ, ಆತನ ಕೈಗೊಂದು ಚೆಂಡನ್ನೂ ಎದುರಿಗೆ ಎಂದೂ ಆಡದ ಹತ್ತು ಹುಡುಗಿಯರನ್ನೂ ಕೊಟ್ಟು, ಅರ್ಧ ಗಂಟೆ ಬದಿಯಲ್ಲಿ ಕುಳಿತು ನೋಡಬಹುದು. ಅದಕ್ಕೆ ತಗಲುವ ವೆಚ್ಚ ಒಂದು ಚೆಂಡಿನ ಬೆಲೆ.