ಕೇಳಿಸದ ಗಾಯಕ

ಹಾಸನ ಜಿಲ್ಲೆಯ ಸಂಗೀತಗಾರರೆಂದರೆ ಅರಕಲಗೂಡು ತಾಲ್ಲೂಕಿನ ರುದ್ರಪಟ್ಟಣದವರು ಮೊದಲು ನೆನಪಾಗುತ್ತಾರೆ, ಆರ್.ಕೆ. ಶ್ರೀಕಂಠನ್ ಹುಟ್ಟಿದ ಊರದು. ಎಂದೂ ಹುಟ್ಟದ ಒಬ್ಬ ಗಾಯಕನನ್ನೂ ಈ ಜಿಲ್ಲೆಯ ಲೆಕ್ಕಕ್ಕೇ ಸೇರಿಸಬೇಕು ಎಂಬುದು ನನ್ನ ವಾದ. ಚನ್ನರಾಯಪಟ್ಟಣ ತಾಲ್ಲೂಕಿನ ಸಂತೇಶಿವರದ ಎಸ್.ಎಲ್. ಭೈರಪ್ಪನವರು ‘ಮಂದ್ರ’ ಕಾದಂಬರಿಯಲ್ಲಿ ಸೃಷ್ಟಿಸಿದ ಹಿಂದೂಸ್ತಾನಿ ಗಾಯಕ ಮೋಹನಲಾಲ ಅವನು. ಪುಟದ ಮೇಲಿನ ಸ್ವರ ಯಾರ ಕಿವಿಗೂ ಬೀಳುವುದಿಲ್ಲವಲ್ಲ ಎನ್ನಬಹುದು. ನಿಜ. ಆದರೆ ‘ಅದ್ಭುತವಾಗಿ ಹಾಡಿದ’ ಎಂಬ ಹೊಗಳಿಕೆಯ ಬಲದಿಂದ ಭೈರಪ್ಪನವರು ಅವನನ್ನು ದೊಡ್ಡವನನ್ನಾಗಿಸುವುದಿಲ್ಲ. ಷಡ್ಜ ನಿಲ್ಲುವವರೆಗೂ ಬಿಡದ ಸಾಧನೆ, ಆಲಾಪದಲ್ಲಿ ಮುಂದಿನ ಸ್ವರಕ್ಕೆ ಹೋಗುವ ಮುನ್ನ ಮನಸ್ಸು ಹುಡುಕುವ ದಾರಿ, ಇವುಗಳ ಒಳಗಿನಿಂದ ಗಾಯಕ ಎದ್ದು ಬರುತ್ತಾನೆ. ರಾಗ ಬೆಳೆಯುವ ಬಗೆ ತಿಳಿದ ಓದುಗನಿಗೆ ಅಷ್ಟು ಸಾಕು.

ಇನ್ನೊಂದು ಆಕ್ಷೇಪ ಹೆಚ್ಚು ಗಟ್ಟಿಯಾದದ್ದು. ಮೋಹನಲಾಲ ಹೆಂಡತಿಯನ್ನು ನೋಯಿಸುವವನು, ಶಿಷ್ಯೆಯಿಂದ ಗುರುದಕ್ಷಿಣೆಯಾಗಿ ಅವಳ ದೇಹವನ್ನೇ ಬಯಸುವವನು. ಇಂಥವನನ್ನು ಮೆಚ್ಚುವುದು ಹೇಗೆ? ಮೆಚ್ಚಬೇಕಾದದ್ದು ಅವನನ್ನಲ್ಲ, ಅವನನ್ನು ಕಟ್ಟಿದ ಕಸುಬನ್ನು. ಸತ್ಯ ಮತ್ತು ಸೌಂದರ್ಯದ ಸಂಬಂಧದ ಮೇಲೆಯೇ ಡಾಕ್ಟರೇಟ್ ಪಡೆದ ತತ್ತ್ವಶಾಸ್ತ್ರದ ಮೇಷ್ಟ್ರು ಭೈರಪ್ಪ. ಮೋಹನಲಾಲನ ಹಾಡನ್ನು ಸ್ವಲ್ಪ ಸಪ್ಪೆಯಾಗಿಸಿದ್ದರೆ ತೀರ್ಪು ಸುಲಭವಾಗುತ್ತಿತ್ತು, ಕಾದಂಬರಿ ಸೋಲುತ್ತಿತ್ತು. ಅವರು ಹಾಗೆ ಮಾಡಲಿಲ್ಲ. ಸಂಗೀತ ಪೂರ್ತಿ ಎತ್ತರದಲ್ಲಿದೆ, ಮನುಷ್ಯ ಪೂರ್ತಿ ಕೆಳಗಿದ್ದಾನೆ, ಎರಡೂ ಒಂದೇ ಕೊರಳಲ್ಲಿವೆ. 2010ರ ಸರಸ್ವತಿ ಸಮ್ಮಾನ್ ‘ಮಂದ್ರ’ಕ್ಕೆ ಸಂದಿತು.