ನೆನಪಿನ ನ್ಯಾಸ: ದೇವಚಂದ್ರನ ‘ರಾಜಾವಳೀಕಥೆ’ಯ ಓದು

ಶಾಸ್ತ್ರಭಂಡಾರವೆಂದೊಡನೆ ಬಟ್ಟೆಯಲ್ಲಿ ಸುತ್ತಿ, ಕಟ್ಟುಕಟ್ಟಾಗಿ ಜೋಡಿಸಿಟ್ಟ ಓಲೆಗರಿಗಳ ಚಿತ್ರವು ನಮ್ಮ ಕಣ್ಣಮುಂದೆ ನಿಲ್ಲುತ್ತದೆ. ಆದರೆ ಪ್ರತಿಯೊಂದು ಸಮಾಜಕ್ಕೂ ಕಣ್ಣಿಗೆ ಕಾಣದ ಇನ್ನೊಂದು ಭಂಡಾರವಿರುತ್ತದೆ. ಅದಕ್ಕೆ ಗೋಡೆಯಿಲ್ಲ, ಸೂಚಿಯಿಲ್ಲ. ಒಂದು ತಲೆಮಾರು ಅಲ್ಲಿಟ್ಟ ಕಥೆಯನ್ನು ಮುಂದಿನ ತಲೆಮಾರು ತೆಗೆಯುವ ಹೊತ್ತಿಗೆ ಹೆಸರು ಬದಲಾಗಿರುತ್ತದೆ, ಊರು ಸರಿದಿರುತ್ತದೆ. ಇಂತಹ ಚಲಿಸುವ ಭಂಡಾರವನ್ನು ಬರಹಕ್ಕಿಳಿಸಲು ಕನ್ನಡದಲ್ಲಿ ನಡೆದ ದೊಡ್ಡ ಪ್ರಯತ್ನವೇ ‘ರಾಜಾವಳೀಕಥೆ’.

ಗ್ರಂಥಕರ್ತನಾದ ದೇವಚಂದ್ರನು ಕನಕಗಿರಿಯವನು. ಕರ್ನಲ್ ಮೆಕೆಂಜಿಯು ಮೈಸೂರು ಸೀಮೆಯಲ್ಲಿ ಐತಿಹ್ಯಗಳನ್ನು ಸಂಗ್ರಹಿಸುತ್ತಿದ್ದಾಗ ಆತನಿಗೆ ನೆರವಾದವನು. ಅನಂತರ ಮೈಸೂರು ಅರಮನೆಯ ದೇವಿರಾಂಬೆಯ ಪ್ರೇರಣೆಯಿಂದ ೧೮೩೮ರ ಸುಮಾರಿಗೆ ಈ ಕೃತಿಯನ್ನು ರಚಿಸಿದನು. ರಾಜವಂಶಗಳು, ಆಚಾರ್ಯರು, ಕವಿಗಳು ಎಲ್ಲರೂ ಇದರಲ್ಲಿ ಬರುತ್ತಾರೆ. ಓದಿ ತಿಳಿದುದು ಎಲ್ಲಿ ಮುಗಿಯಿತು, ಕೇಳಿ ತಿಳಿದುದು ಎಲ್ಲಿ ಮೊದಲಾಯಿತು ಎಂಬ ಗೆರೆ ಮಾತ್ರ ಬಹುಕಡೆ ಕಾಣುವುದಿಲ್ಲ. ಇದು ಕೃತಿಯ ಮುಖ್ಯ ದೋಷ.

ಭದ್ರಬಾಹು-ಚಂದ್ರಗುಪ್ತರ ವೃತ್ತಾಂತವನ್ನೇ ನೋಡೋಣ. ದೇವಚಂದ್ರನಲ್ಲಿ ಪಾಟಲಿಪುತ್ರದ ಅರಸನಾದ ಚಂದ್ರಗುಪ್ತನು ಹದಿನಾರು ಸ್ವಪ್ನಗಳನ್ನು ಕಂಡು, ಮಗ ಸಿಂಹಸೇನನಿಗೆ ರಾಜ್ಯವನ್ನೊಪ್ಪಿಸಿ, ಗುರುವಿನೊಡನೆ ದಕ್ಷಿಣಕ್ಕೆ ಬರುತ್ತಾನೆ. ಆದರೆ ಅವನ ವಂಶಾವಳಿಯಲ್ಲಿ ಈ ಚಂದ್ರಗುಪ್ತನು ಅಶೋಕನ ಅಜ್ಜನಲ್ಲ, ಮೊಮ್ಮಗ!

ಇನ್ನೂ ಹಿಂದಕ್ಕೆ ಹೋದರೆ ಕಥೆ ಮತ್ತೆ ಸರಿಯುತ್ತದೆ. ಚಂದ್ರಗಿರಿಯ ಮೇಲಿನ, ಕ್ರಿ.ಶ. ೬೦೦ರ ಸುಮಾರಿನ ಶಾಸನವು ಭದ್ರಬಾಹುಸ್ವಾಮಿಗಳು ಉಜ್ಜಯಿನಿಯಲ್ಲಿ ಹನ್ನೆರಡು ವರ್ಷದ ಕ್ಷಾಮವನ್ನು ಮುಂದಾಗಿ ಅರಿತುದನ್ನೂ ಸಂಘವು ದಕ್ಷಿಣಕ್ಕೆ ನಡೆದುದನ್ನೂ ಹೇಳುತ್ತದೆ. ಅಲ್ಲಿ ಸಮಾಧಿಯನ್ನು ಪಡೆದವರ ಹೆಸರು ಪ್ರಭಾಚಂದ್ರ, ಚಂದ್ರಗುಪ್ತನೆಂಬ ಹೆಸರಿಲ್ಲ. ಪ್ರಭಾಚಂದ್ರರೇ ಚಂದ್ರಗುಪ್ತನೆಂಬುದು ಪರಂಪರೆಯ ಓದು. ಸುಮಾರು ೬೫೦ರ ಇನ್ನೊಂದು ಶಾಸನದಲ್ಲಿ ಭದ್ರಬಾಹು, ಚಂದ್ರಗುಪ್ತ ಎಂಬ ಮುನಿಯುಗ್ಮದ ಹೆಸರು ಕಾಣುತ್ತದೆ. ೯೩೧ರಲ್ಲಿ ಹರಿಷೇಣನು ಬರೆದ ‘ಬೃಹತ್ಕಥಾಕೋಶ’ದಲ್ಲಿ ಭದ್ರಬಾಹುಗಳು ದಕ್ಷಿಣಕ್ಕೆ ಬರುವುದೇ ಇಲ್ಲ. ಉತ್ತರದಲ್ಲಿಯೇ ಸಮಾಧಿಯನ್ನು ಪಡೆಯುತ್ತಾರೆ. ಚಂದ್ರಗುಪ್ತನು ವಿಶಾಖಾಚಾರ್ಯನಾಗಿ ಸಂಘವನ್ನು ಪುನ್ನಾಟಕ್ಕೆ ಕರೆತರುತ್ತಾನೆ. ಶ್ವೇತಾಂಬರ ಆಚಾರ್ಯ ಹೇಮಚಂದ್ರರ ಪ್ರಕಾರ ಕ್ಷಾಮಕಾಲದಲ್ಲಿ ಭದ್ರಬಾಹುಗಳು ನೇಪಾಳದಲ್ಲಿದ್ದರು.

ಇದನ್ನು ಕಂಡು ವಿದ್ವಾಂಸರು ಎರಡು ದಾರಿ ಹಿಡಿದರು. ಬಿ. ಎಲ್. ರೈಸ್ ಅವರು ಶ್ರವಣಬೆಳಗೊಳದ ಶಾಸನಗಳನ್ನು ೧೮೮೯ರಲ್ಲಿ ಪ್ರಕಟಿಸಿದಾಗ ಪರಂಪರೆಯನ್ನು ಎತ್ತಿಹಿಡಿದರು. ಫ್ಲೀಟ್ ಅವರು ಅದನ್ನು ಬಲವಾಗಿ ಅಲ್ಲಗಳೆದರು. ಒಬ್ಬರಿಗೆ ದೇವಚಂದ್ರನು ಸಾಕ್ಷಿ, ಮತ್ತೊಬ್ಬರಿಗೆ ನಂಬಲಾಗದ ಕಥೆಗಾರ. ನಮ್ಮ ಅಭಿಪ್ರಾಯದಲ್ಲಿ ಈ ಎರಡೂ ಓದುಗಳು ಅವನಿಗೆ ಪೂರ್ಣ ನ್ಯಾಯವನ್ನು ಒದಗಿಸಲಿಲ್ಲ. ಮೌರ್ಯರ ಕಾಲಕ್ಕೆ ಅವನ ಸಾಕ್ಷ್ಯ ದುರ್ಬಲವೆಂಬುದು ನಿಜ. ಆದರೆ ಹತ್ತೊಂಬತ್ತನೆಯ ಶತಮಾನದ ಒಬ್ಬ ಶ್ರಾವಕನು ತನ್ನ ಪೂರ್ವಿಕರನ್ನು ಹೇಗೆ ನೆನೆಯುತ್ತಿದ್ದನು ಎಂಬುದಕ್ಕೆ ಅದಕ್ಕಿಂತ ಗಟ್ಟಿಯಾದ ಸಾಕ್ಷ್ಯ ವಿರಳ. ಹೊಂದದ ವಂಶಾವಳಿಯನ್ನು ಅವನು ತಿದ್ದಿ ನೇರ್ಪಡಿಸಿದ್ದರೆ ಈ ಪ್ರಶ್ನೆಯೇ ನಮಗೆ ತಲುಪುತ್ತಿರಲಿಲ್ಲ.

ಇಲ್ಲಿಂದ ಮುಂದಿನದು ನಮ್ಮ ಹೊಣೆ. ತತ್ತ್ವಾರ್ಥಸೂತ್ರವು ಸತ್ಯಾಣುವ್ರತಕ್ಕೆ ಹೇಳಿದ ಅತಿಚಾರಗಳಲ್ಲಿ ಎರಡು ಈ ಪ್ರಸಂಗಕ್ಕೆ ನೇರವಾಗಿ ಸಲ್ಲುತ್ತವೆ: ಕೂಟಲೇಖಕ್ರಿಯೆ ಮತ್ತು ನ್ಯಾಸಾಪಹಾರ. ಶಾಸನದಲ್ಲಿ ಇಲ್ಲದ ಹೆಸರನ್ನು ಶಾಸನವೇ ಹೇಳಿತೆಂದು ಅಚ್ಚುಮಾಡಿಸುವುದು, ಉದ್ದೇಶವು ಭಕ್ತಿಯೇ ಆಗಿರಲಿ, ಮೊದಲನೆಯದರ ಗಡಿಯನ್ನು ಮುಟ್ಟುತ್ತದೆ. ಇನ್ನು ನ್ಯಾಸವೆಂದರೆ ಮತ್ತೊಬ್ಬರು ನಂಬಿ ಇಟ್ಟ ಒತ್ತೆ. ಅದನ್ನು ಇಟ್ಟಷ್ಟೇ ಹಿಂದಿರುಗಿಸಬೇಕು. ಹಿರಿಯರ ನೆನಪು ಅಂತಹ ಒತ್ತೆಯಲ್ಲವೇ? ಅವರು ನಾಲ್ಕು ಪಾಠಗಳನ್ನು ಒಪ್ಪಿಸಿದ್ದಾರೆ. ಒಂದನ್ನು ಮಾತ್ರ ಉಳಿಸಿ ಮೂರನ್ನು ಮರೆಮಾಡಿದರೆ ಮಕ್ಕಳಿಗೆ ಸಲ್ಲಬೇಕಾದುದನ್ನು ನಾವು ಕಡಿಮೆಮಾಡಿ ಕೊಟ್ಟಂತೆ.

ಎಲ್ಲವೂ ಸಂದೇಹವಾದರೆ ಶ್ರದ್ಧೆ ಉಳಿದೀತೇ ಎಂದು ಕೆಲವರು ಕೇಳಬಹುದು. ಹಿರಿಯರ ಚಿಂತೆ ಸಹಜವಾದುದೇ. ಆದರೆ ಸ್ಯಾದ್ವಾದವನ್ನು ಸಂದೇಹವಾದವೆಂದು ಬಗೆದವರಿಗೆ ನಮ್ಮ ಆಚಾರ್ಯರು ಹಿಂದೆಯೇ ಉತ್ತರವಿತ್ತಿದ್ದಾರೆ. ಯಾವ ದೃಷ್ಟಿಯಿಂದ, ಯಾವ ಆಧಾರದಿಂದ ಎಂದು ಸೇರಿಸಿ ಹೇಳಿದಾಗ ಮಾತು ದುರ್ಬಲವಾಗುವುದಿಲ್ಲ, ಖಚಿತವಾಗುತ್ತದೆ. ಚಂದ್ರಗಿರಿಯನ್ನು ಏರುವವನ ಭಕ್ತಿಗೆ ಸಲ್ಲೇಖನದ ಆದರ್ಶವೇ ಆಧಾರ. ವಂಶಾವಳಿಯ ಒಂದು ಸಾಲು ಅಲುಗಿದರೆ ಅದು ಕುಸಿಯದು.

ಬಸದಿಗಳ ಆಡಳಿತ ಮಂಡಳಿಗಳು ಕ್ಷೇತ್ರಪರಿಚಯದ ಪುಸ್ತಿಕೆಗಳನ್ನು ಅಚ್ಚುಮಾಡಿಸುವಾಗ ಒಂದು ಸಣ್ಣ ನಿಯಮವನ್ನು ಪಾಲಿಸಬಹುದು. ಶಾಸನ ಹೇಳಿದ್ದನ್ನು ‘ಶಾಸನದಲ್ಲಿದೆ’ ಎಂದೂ, ಕಾವ್ಯ ಹೇಳಿದ್ದನ್ನು ಕಾವ್ಯದ ಹೆಸರಿನೊಡನೆಯೂ, ಊರ ಹಿರಿಯರು ಹೇಳಿದ್ದನ್ನು ‘ಹೀಗೆ ಕೇಳಿಬಂದಿದೆ’ ಎಂದೂ ಬರೆಯಲಿ. ಮೂರನ್ನೂ ಬಿಡದಿರಲಿ, ಮೂರನ್ನೂ ಬೆರೆಸದಿರಲಿ. ಸಂಗ್ರಹಿಸುವ ಶ್ರಮವನ್ನು ದೇವಚಂದ್ರನು ಪಟ್ಟಿದ್ದಾನೆ. ಅವನಿಂದಾಗದೆ ಉಳಿದ ಆ ಗೆರೆಯನ್ನು ಎಳೆಯುವುದಷ್ಟೇ ನಮ್ಮ ಪಾಲಿನ ಕೆಲಸ.